ಕಾರ್ಟ್ರಿಡ್ಜ್‌ನಲ್ಲಿ ಇಲ್ಲದ ತಿದ್ದುಪಡಿ: ನಿಂಟೆಂಡೊ 3ಡಿಎಸ್ ಯಂತ್ರಕ್ಕೆ ಗೇಮ್ ಅಪ್‌ಡೇಟ್ ಹಾಕಿದ ಒಂದು ಪ್ರಕರಣ

ತಯಾರಿಕೆ ನಿಂತುಹೋದ ಗೇಮ್ ಯಂತ್ರಕ್ಕೆ ಇಂದಿಗೂ ಅಪ್‌ಡೇಟ್ ಹಾಕಲು ಸಾಧ್ಯವೇ, ಸಾಧ್ಯವಾದರೆ ಅದು ಎಲ್ಲಿಂದ ಬರುತ್ತದೆ, ಬಂದದ್ದು ಎಲ್ಲಿ ಉಳಿಯುತ್ತದೆ ಎಂಬ ಪ್ರಶ್ನೆಗಳಿಗೆ ಉತ್ತರ ಹುಡುಕಬೇಕಾದ ಸಂದರ್ಭ ಮೈಸೂರಿನಲ್ಲಿರುವ ನಮ್ಮ ಕುಟುಂಬದಲ್ಲಿ ಒದಗಿಬಂತು. ನ್ಯೂಜೆರ್ಸಿಯಲ್ಲಿ ನೆಲೆಸಿರುವ ಸಂಬಂಧಿಕರು ತಮ್ಮ ಮಗ ಆಡಿ ಬಿಟ್ಟಿದ್ದ ನಿಂಟೆಂಡೊ 3ಡಿಎಸ್ ಎಕ್ಸ್‌ಎಲ್ ಎಂಬ, ಕೈಯಲ್ಲಿ ಹಿಡಿದು ಆಡುವ ಯಂತ್ರವನ್ನು, ಗೇಮ್ ತುಂಬಿರುವ ಪುಟ್ಟ ಬಿಲ್ಲೆಗಳಾದ ಕೆಲವು ಕಾರ್ಟ್ರಿಡ್ಜ್‌ಗಳ ಜೊತೆಗೆ ಇಲ್ಲಿನ ಹುಡುಗಿಗೆ ಕಳುಹಿಸಿಕೊಟ್ಟರು. ಕಳುಹಿಸುವ ಮುನ್ನ, ಬೇರೆಯವರ ಕೈಗೆ ಕೊಡುವ ಯಾವುದೇ ಯಂತ್ರಕ್ಕೆ ಮಾಡಬೇಕಾದಂತೆ, ಅದರಲ್ಲಿದ್ದ ಖಾತೆ, ಫೋಟೊ, ಹಳೆಯ ದಾಖಲೆಗಳನ್ನೆಲ್ಲ ಅಳಿಸಿ ಫಾರ್ಮ್ಯಾಟ್ ಮಾಡಿದ್ದರು. ಹುಡುಗಿ ಮೊದಲು ಕೈಗೆತ್ತಿಕೊಂಡದ್ದು ಪೋಕೆಮಾನ್ ಎಕ್ಸ್ ಗೇಮನ್ನು. ಅವಳು ಆಟ ಆರಂಭಿಸಿ ಮೊದಲ ಜಿಮ್ (ಆಟದಲ್ಲಿ ಗೆದ್ದು ದಾಟಬೇಕಾದ ಸೆಣಸಾಟದ ತಾಣ) ಗೆದ್ದು, ಲ್ಯುಮಿಯೋಸ್ ಎಂಬ ದೊಡ್ಡ ನಗರದ ಕಡೆಗೆ ಹೊರಟಿದ್ದಾಳೆ ಎಂದು ತಿಳಿದಾಗ ಆಟವನ್ನು ಅಲ್ಲಿಗೇ ತಡೆಯಬೇಕಾಯಿತು. ಆ ನಗರದ ಬೀದಿಗಳಲ್ಲಿ ಏನಾಗಬಹುದು ಎಂಬುದು 2013ರಲ್ಲಿ ಈ ಗೇಮ್ ಆಡಿದವರಿಗೆಲ್ಲ ಗೊತ್ತು.

ಪೋಕೆಮಾನ್ ಎಕ್ಸ್ ಮತ್ತು ಅದರ ಜೋಡಿ ಗೇಮ್ ಪೋಕೆಮಾನ್ ವೈ 2013ರ ಅಕ್ಟೋಬರ್ 12ರಂದು ಜಗತ್ತಿನ ಬಹುತೇಕ ಕಡೆ ಒಂದೇ ದಿನ ಬಿಡುಗಡೆಯಾದವು. ಸರಣಿಯ ಮುಖ್ಯ ಗೇಮ್‌ಗಳು ಅದಕ್ಕೂ ಮುಂಚೆ ಜಪಾನಿನಲ್ಲಿ ಮೊದಲು ಬಂದು, ತಿಂಗಳುಗಟ್ಟಲೆ ತಡವಾಗಿ ಉಳಿದ ದೇಶಗಳಿಗೆ ತಲುಪುತ್ತಿದ್ದವು. ಏಕಕಾಲದ ಬಿಡುಗಡೆಯ ದೆಸೆಯಿಂದ ಲಕ್ಷಾಂತರ ಆಟಗಾರರು ಒಂದೇ ವಾರದಲ್ಲಿ ಒಂದೇ ದೋಷಕ್ಕೆ ಸಿಕ್ಕಿಕೊಂಡರು. ಗೇಮ್‌ನ ಕಲೋಸ್ ಪ್ರದೇಶವನ್ನು ಫ್ರಾನ್ಸ್ ದೇಶದ ಮಾದರಿಯಲ್ಲಿ ಕಟ್ಟಲಾಗಿದೆ. ಲ್ಯುಮಿಯೋಸ್ ನಗರ ಪ್ಯಾರಿಸ್ಸಿನ ಪ್ರತಿರೂಪ, ನಡುವೆ ಐಫೆಲ್ ಗೋಪುರವನ್ನು ನೆನಪಿಸುವ ಗೋಪುರವೂ ಇದೆ. ಈ ನಗರದ ಕೆಲವು ಹೊರಬೀದಿಗಳಲ್ಲಿ ನಿಂತು ಆಟವನ್ನು ಸೇವ್ ಮಾಡಿ, ಗೇಮ್ ಮುಚ್ಚಿ, ಮತ್ತೆ ತೆರೆದರೆ ಅದು ಮುಂದಕ್ಕೆ ಹೋಗದೆ ಸ್ತಬ್ಧವಾಗಿಬಿಡುತ್ತಿತ್ತು. ಪೋಕೆಮಾನ್ ಗೇಮ್‌ನಲ್ಲಿ ಒಂದು ಕಾರ್ಟ್ರಿಡ್ಜ್‌ಗೆ ಒಂದೇ ಸೇವ್ ಇರುವುದರಿಂದ ಹಿಂದಿನ ಹಂತಕ್ಕೆ ಹೋಗಿ ಮತ್ತೆ ಶುರುಮಾಡುವ ದಾರಿ ಇರಲಿಲ್ಲ. ಹತ್ತಾರು ಗಂಟೆ ಆಡಿ ಬೆಳೆಸಿದ ತಂಡ ಆ ಬೀದಿಯಲ್ಲೇ ಸಿಕ್ಕಿಕೊಳ್ಳುತ್ತಿತ್ತು. ಲ್ಯುಮಿಯೋಸ್‌ನ ಬೀದಿಗಳಲ್ಲಿ ಸೇವ್ ಮಾಡಬೇಡಿ, ಬೇರೆ ಊರಿಗೆ ಹೋಗಿ ಸೇವ್ ಮಾಡಿ ಎಂಬ ಮಾತು ಆಗ ಆಟಗಾರರ ನಡುವೆ ಬಾಯಿಂದ ಬಾಯಿಗೆ ಹರಡಿತು. ಅಕ್ಟೋಬರ್ 25ರಂದು, ಅಂದರೆ ಬಿಡುಗಡೆಯಾಗಿ ಎರಡು ವಾರ ತುಂಬುವ ಮೊದಲೇ, ಈ ದೋಷವನ್ನು ಸರಿಪಡಿಸುವ 1.1 ಆವೃತ್ತಿಯ ಅಪ್‌ಡೇಟ್ ನಿಂಟೆಂಡೊ ಕಂಪನಿಯ ಆನ್‌ಲೈನ್ ಮಳಿಗೆಯಾದ ಇ-ಶಾಪ್ ಮೂಲಕ ಉಚಿತವಾಗಿ ಬಂತು. ಅದರ ನಂತರವೂ ಕೆಲವು ಅಪ್‌ಡೇಟ್‌ಗಳು ಬಂದು ಕೊನೆಗೆ ಗೇಮ್ 1.5 ಆವೃತ್ತಿಯಲ್ಲಿ ನಿಂತಿತು.

ಇಲ್ಲಿ ಸಹಜವಾಗಿಯೇ ಒಂದು ಪ್ರಶ್ನೆ ಏಳುತ್ತದೆ. ನ್ಯೂಜೆರ್ಸಿಯ ಹುಡುಗ ಈ ಗೇಮನ್ನು ಬಿಡುಗಡೆಯ ಸಮಯದಲ್ಲೇ ಕೊಂಡಿದ್ದ, ಆಗಲೇ ಅಪ್‌ಡೇಟ್ ಕೂಡ ಹಾಕಿಕೊಂಡಿದ್ದ, ಲ್ಯುಮಿಯೋಸ್ ದಾಟಿ ಕಥೆಯನ್ನು ಪೂರ್ತಿ ಮುಗಿಸಿದ್ದ. ಹಾಗಿದ್ದ ಮೇಲೆ ಅದೇ ಕಾರ್ಟ್ರಿಡ್ಜ್ ಇಲ್ಲಿಗೆ ಬಂದಾಗ ಮತ್ತೆ ದೋಷಸಹಿತ 1.0 ಆದದ್ದು ಹೇಗೆ?

ತಿದ್ದುಪಡಿ ಇರುವ ಜಾಗ

ಇದಕ್ಕೆ ಉತ್ತರ 3ಡಿಎಸ್ ಅಪ್‌ಡೇಟ್‌ಗಳನ್ನು ಎಲ್ಲಿ ಇಡುತ್ತದೆ ಎಂಬುದರಲ್ಲಿದೆ, ಮತ್ತು ಇಡೀ ಪ್ರಕರಣದಲ್ಲಿ ಓದುಗರು ಗಟ್ಟಿಯಾಗಿ ಹಿಡಿದುಕೊಳ್ಳಬೇಕಾದ ವಿಷಯ ಇದೇ. ಕಾರ್ಖಾನೆಯಿಂದ ಹೊರಬಿದ್ದ ಕಾರ್ಟ್ರಿಡ್ಜ್‌ನಲ್ಲಿ ಗೇಮ್‌ನ ಪ್ರೋಗ್ರಾಮ್ ಇರುವ ಭಾಗ ಎಂದಿಗೂ ಬದಲಾಗುವುದಿಲ್ಲ. ಅದರಲ್ಲಿ ಹೊಸದಾಗಿ ಬರೆಯಲು ಸಾಧ್ಯವಿರುವುದು ಆಟಗಾರನ ಸೇವ್ ಮಾತ್ರ. ಅಪ್‌ಡೇಟ್ ಇಳಿದುಕೊಳ್ಳುವುದು ಯಂತ್ರದಲ್ಲಿರುವ ಎಸ್‌ಡಿ ಕಾರ್ಡ್‌ಗೆ. ಗೇಮ್ ತೆರೆದಾಗ ಯಂತ್ರವು ಕಾರ್ಟ್ರಿಡ್ಜ್‌ನಲ್ಲಿರುವ ಮೂಲ ಪಾಠವನ್ನೂ ಎಸ್‌ಡಿ ಕಾರ್ಡ್‌ನಲ್ಲಿರುವ ತಿದ್ದುಪಡಿಯನ್ನೂ ಸೇರಿಸಿಕೊಂಡು ಓದುತ್ತದೆ. ಎಸ್‌ಡಿ ಕಾರ್ಡ್ ತೆಗೆದು ಅದೇ ಕಾರ್ಟ್ರಿಡ್ಜನ್ನು ಹಾಕಿದರೆ ಯಂತ್ರಕ್ಕೆ ಕಾಣುವುದು 2013ರ ಅಕ್ಟೋಬರ್ 12ರ ಗೇಮ್, ಅದರ ದೋಷವೂ ಜೊತೆಗೆ. ಮೊದಲ ಮಾಲೀಕ ಎಷ್ಟು ಶ್ರದ್ಧೆಯಿಂದ ಅಪ್‌ಡೇಟ್ ಹಾಕಿದ್ದರೂ ಅದು ಕಾರ್ಟ್ರಿಡ್ಜ್‌ನ ಜೊತೆಗೆ ಪ್ರಯಾಣ ಮಾಡುವುದಿಲ್ಲ. ಯಂತ್ರವನ್ನು ಫಾರ್ಮ್ಯಾಟ್ ಮಾಡಿದಾಗ ಎಸ್‌ಡಿ ಕಾರ್ಡ್‌ನಲ್ಲಿದ್ದ ಅಪ್‌ಡೇಟ್‌ಗಳೂ ಹೋದವು, ಆದ್ದರಿಂದ ನಮ್ಮ ಕೈಗೆ ಬಂದದ್ದು ಹುಟ್ಟಿದ ದಿನದ ಕಾರ್ಟ್ರಿಡ್ಜ್.

ಎಸ್‌ಡಿ ಕಾರ್ಡನ್ನು ಕಂಪ್ಯೂಟರ್‌ಗೆ ಹಾಕಿ ತೆರೆದು ನೋಡಿದರೆ ಈ ವ್ಯವಸ್ಥೆ ಕಣ್ಣಿಗೇ ಕಾಣುತ್ತದೆ. ಅಲ್ಲಿ ನಿಂಟೆಂಡೊ 3ಡಿಎಸ್ ಎಂಬ ಹೆಸರಿನ ಫೋಲ್ಡರ್, ಅದರೊಳಗೆ ಒಂದರೊಳಗೊಂದು ಎರಡು ಫೋಲ್ಡರ್. ಅವುಗಳ ಹೆಸರು ತಲಾ 32 ಅಕ್ಷರಗಳ, ಅಂಕಿ ಮತ್ತು ಅಕ್ಷರ ಬೆರೆತ, ಯಾರಿಗೂ ಬಾಯಿಪಾಠ ಬಾರದಂಥ ಸಾಲು. ಇನ್ನೂ ಒಳಗೆ ಹೋದರೆ 00040000 ಎಂಬ ಫೋಲ್ಡರ್‌ನಲ್ಲಿ ಡೌನ್‌ಲೋಡ್ ಮಾಡಿದ ಗೇಮ್‌ಗಳು, 0004000ಇ ಎಂಬುದರಲ್ಲಿ ಅಪ್‌ಡೇಟ್‌ಗಳು, 0004008ಸಿ ಎಂಬುದರಲ್ಲಿ ಹೆಚ್ಚುವರಿಯಾಗಿ ಕೊಂಡ ಭಾಗಗಳು ಇರುತ್ತವೆ. ಇವೆಲ್ಲವೂ ಆ ಒಂದು ಯಂತ್ರಕ್ಕೆ ಮಾತ್ರ ಸೇರಿದ ಕೀಲಿಯಿಂದ ಗೂಢಲಿಪಿಗೊಂಡಿರುತ್ತವೆ. ಪಕ್ಕದ ಮನೆಯವರ 3ಡಿಎಸ್‌ನಲ್ಲಿ ಅಪ್‌ಡೇಟ್ ಇದೆಯೆಂದು ಅವರ ಕಾರ್ಡ್‌ನ ಫೋಲ್ಡರನ್ನು ನಕಲು ಮಾಡಿಕೊಂಡು ಬಂದರೆ ನಮ್ಮ ಯಂತ್ರಕ್ಕೆ ಅದು ಅರ್ಥವಾಗುವುದಿಲ್ಲ. ಫಾರ್ಮ್ಯಾಟ್ ಆದ ಮೇಲೆ ಅದೇ ಯಂತ್ರದ ಹಳೆಯ ನಕಲು ಕೂಡ ಕೆಲಸಕ್ಕೆ ಬರುವುದಿಲ್ಲ, ಏಕೆಂದರೆ ಫಾರ್ಮ್ಯಾಟ್ ಎಸ್‌ಡಿ ಕಾರ್ಡ್‌ಗೆ ಬಳಸುವ ಕೀಲಿಯನ್ನೇ ಬದಲಾಯಿಸುತ್ತದೆ. ಹೀಗಾಗಿ ಅಪ್‌ಡೇಟ್ ಬೇಕೆಂದರೆ ನಮಗೆ ಉಳಿದ ಅಧಿಕೃತ ದಾರಿ ಇದು: ಯಂತ್ರವೇ ಸ್ವತಃ ನಿಂಟೆಂಡೊ ಸರ್ವರ್‌ಗೆ ಸಂಪರ್ಕ ಸಾಧಿಸಿ ಅದನ್ನು ಇಳಿಸಿಕೊಳ್ಳಬೇಕು.

ಕೈಯಲ್ಲಿ ಹಿಡಿಯುವ ಗೇಮ್ ಯಂತ್ರಗಳ ಚರಿತ್ರೆಯಲ್ಲಿ ಇದು ತೀರ ಹಳೆಯ ಪದ್ಧತಿಯೇನೂ ಅಲ್ಲ. ಇದರ ಹಿಂದಿನ ನಿಂಟೆಂಡೊ ಡಿಎಸ್‌ನಲ್ಲಿ ಕಾರ್ಟ್ರಿಡ್ಜ್ ಗೇಮ್‌ಗೆ ಅಪ್‌ಡೇಟ್ ಹಾಕುವ ಏರ್ಪಾಡೇ ಇರಲಿಲ್ಲ. ಕಾರ್ಖಾನೆಗೆ ಹೋದದ್ದೇ ಅಂತಿಮ ಪಾಠ. 3ಡಿಎಸ್‌ನಲ್ಲಿಯೂ ಆ ಸೌಲಭ್ಯ ಬಂದದ್ದು 2012ರ ಏಪ್ರಿಲ್‌ನ ಸಿಸ್ಟಮ್ ಅಪ್‌ಡೇಟ್ ಜೊತೆಗೆ, ಮತ್ತು ಅದನ್ನು ಮೊದಲು ಬಳಸಿಕೊಂಡದ್ದು ಮರು ತಿಂಗಳು ಮಾರಿಯೊ ಕಾರ್ಟ್ 7 ಗೇಮ್: ಕೆಲವು ಟ್ರ್ಯಾಕ್‌ಗಳಲ್ಲಿ ಅರ್ಧ ದಾರಿ ಹಾರಿ ಮುಂದೆ ಹೋಗಲು ಅನುವು ಮಾಡಿಕೊಡುತ್ತಿದ್ದ ದೋಷವನ್ನು ಆನ್‌ಲೈನ್ ಸ್ಪರ್ಧೆಯಲ್ಲಿ ಮುಚ್ಚಲು. ದೋಷ ಕಂಡಾಗ ಸರಿಪಡಿಸಬಹುದು ಎಂಬುದು ಆಟಗಾರನಿಗೆ ದೊಡ್ಡ ಅನುಕೂಲ, ಅದರಲ್ಲಿ ಸಂದೇಹವಿಲ್ಲ. ಆದರೆ ಆ ಅನುಕೂಲದ ಜೊತೆಗೇ, ಅಂಗಡಿಯಲ್ಲಿ ಹಣ ಕೊಟ್ಟು ಕೊಂಡ ವಸ್ತುವಿನ ಒಂದು ಭಾಗ ಕೊಂಡವನ ಮನೆಯಲ್ಲಿರದೆ ದೂರದ ಸರ್ವರ್‌ನಲ್ಲಿ ಉಳಿಯುವ ಪರಿಸ್ಥಿತಿಯೂ ಹುಟ್ಟಿತು. ಯಂತ್ರ ಮಾರುಕಟ್ಟೆಯಲ್ಲಿ ಇರುವಷ್ಟು ಕಾಲ ಇದು ಯಾರ ಗಮನಕ್ಕೂ ಬರುವುದಿಲ್ಲ.

ಮುಚ್ಚಿದ್ದು ಯಾವುದು, ಉಳಿದದ್ದು ಯಾವುದು

3ಡಿಎಸ್ 2011ರ ಫೆಬ್ರವರಿ 26ರಂದು ಜಪಾನಿನಲ್ಲಿಯೂ ಮರು ತಿಂಗಳು ಅಮೆರಿಕ, ಯುರೋಪುಗಳಲ್ಲಿಯೂ ಬಿಡುಗಡೆಯಾಯಿತು. ಅದರ ಎಲ್ಲ ಮಾದರಿಗಳೂ ಸೇರಿ ಸುಮಾರು 7.6 ಕೋಟಿ ಯಂತ್ರಗಳು ಮಾರಾಟವಾದವು. 2020ರ ಸೆಪ್ಟೆಂಬರ್‌ನಲ್ಲಿ ತಯಾರಿಕೆ ನಿಂತಿದೆ ಎಂದು ಕಂಪನಿ ದೃಢಪಡಿಸಿತು. 2023ರ ಮಾರ್ಚ್ 27ರಂದು ಇ-ಶಾಪ್‌ನಲ್ಲಿ ಖರೀದಿ ಕೊನೆಗೊಂಡಿತು. 2024ರ ಏಪ್ರಿಲ್ 8ರಂದು ಬಹುತೇಕ ಎಲ್ಲ ಗೇಮ್‌ಗಳ ಆನ್‌ಲೈನ್ ಆಟ ನಿಂತಿತು. ಪೋಕೆಮಾನ್ ಎಕ್ಸ್‌ನಲ್ಲಿ ಅಂತರ್ಜಾಲದ ಮೂಲಕ ವಿನಿಮಯ, ಸೆಣಸಾಟ ಮಾಡುವುದೂ ಅಂದಿಗೆ ಮುಗಿಯಿತು, ಎದುರುಬದುರು ಕೂತ ಇಬ್ಬರು ತಮ್ಮ ಯಂತ್ರಗಳ ನಡುವೆ ನೇರವಾಗಿ ಆಡುವುದಷ್ಟೇ ಉಳಿಯಿತು.

ಈ ದಿನಾಂಕಗಳನ್ನು ಮೇಲಿಂದ ಮೇಲೆ ಓದಿದವರು ಎಲ್ಲವೂ ಮುಗಿದುಹೋಗಿದೆ ಎಂದು ತೀರ್ಮಾನಿಸುವುದು ಸಹಜ. ನ್ಯೂಜೆರ್ಸಿಯ ಸಂಬಂಧಿಕರೂ ಯಂತ್ರವನ್ನು ಕಳುಹಿಸುವಾಗ ಇನ್ನು ಇದಕ್ಕೆ ಇಂಟರ್ನೆಟ್ ಜೋಡಿಸುವ ಅಗತ್ಯವೇ ಇಲ್ಲವೆಂದು ಹೇಳಿದ್ದರು. ವಾಸ್ತವದಲ್ಲಿ ನಿಂಟೆಂಡೊ ಖರೀದಿಯನ್ನು ನಿಲ್ಲಿಸುವಾಗಲೂ ಆನ್‌ಲೈನ್ ಆಟವನ್ನು ನಿಲ್ಲಿಸುವಾಗಲೂ ಒಂದು ಮಾತನ್ನು ಸ್ಪಷ್ಟವಾಗಿ ಹೇಳಿತ್ತು: ಹಿಂದೆ ಕೊಂಡದ್ದನ್ನು ಮತ್ತೆ ಇಳಿಸಿಕೊಳ್ಳುವುದೂ ಗೇಮ್ ಅಪ್‌ಡೇಟ್‌ಗಳನ್ನು ಪಡೆಯುವುದೂ ಸದ್ಯಕ್ಕೆ ಮುಂದುವರಿಯುತ್ತವೆ. ಅಂದರೆ ಮಳಿಗೆಯ ಗಲ್ಲಾಪೆಟ್ಟಿಗೆ ಮುಚ್ಚಿದೆ, ಹಿಂಬದಿಯ ಉಗ್ರಾಣದ ಬಾಗಿಲು ತೆರೆದಿದೆ. ನಮ್ಮ ಪ್ರಕರಣ ನಿಂತಿದ್ದದ್ದು ಈ ತೆರೆದ ಬಾಗಿಲಿನ ಮೇಲೆಯೇ. ಮುಂದೆ ಕಂಡಂತೆ, ತೊಡಕುಗಳು ಹುಟ್ಟಿದ್ದು ಆ ಬಾಗಿಲಿನಲ್ಲಿ ಅಲ್ಲ, ಅಲ್ಲಿಗೆ ತಲುಪುವ ಹಾದಿಯಲ್ಲಿ.

ಹಾದಿಯ ತೊಡಕುಗಳು

ಮೊದಲನೆಯದು ವಿದ್ಯುತ್ತು, ಮತ್ತು ವಿದೇಶದಿಂದ ಇಂಥ ಯಂತ್ರ ತರಿಸಿಕೊಳ್ಳುವ ಪ್ರತಿಯೊಂದು ಮನೆಗೂ ಇದು ಅನ್ವಯಿಸುತ್ತದೆ. ಅಮೆರಿಕದ 3ಡಿಎಸ್ ಎಕ್ಸ್‌ಎಲ್ ಜೊತೆಗೆ ಬರುವ ಚಾರ್ಜರ್‌ನ ಮೈಮೇಲೆ ಸಣ್ಣ ಅಕ್ಷರಗಳಲ್ಲಿ ಇನ್‌ಪುಟ್ ಎಸಿ 120 ವೋಲ್ಟ್, 60 ಹರ್ಟ್ಸ್ ಎಂದು ಅಚ್ಚಾಗಿದೆ. ಇಂದಿನ ಮೊಬೈಲ್ ಚಾರ್ಜರ್‌ಗಳು 100ರಿಂದ 240 ವೋಲ್ಟ್‌ವರೆಗೆ ಯಾವುದನ್ನಾದರೂ ತಾಳಿಕೊಳ್ಳುವುದರಿಂದ ಈ ಅಕ್ಷರಗಳನ್ನು ಓದುವ ಅಭ್ಯಾಸ ನಮಗೆ ತಪ್ಪಿಹೋಗಿದೆ. ಪಿನ್ ಬದಲಾಯಿಸುವ ಅಡಾಪ್ಟರ್ ಸಿಕ್ಕಿಸಿ ನಮ್ಮ 230 ವೋಲ್ಟ್ ಸಾಕೆಟ್‌ಗೆ ಹಾಕಿದರೆ ಈ ಚಾರ್ಜರ್ ಉಳಿಯುವುದಿಲ್ಲ. ಹಾಗಾಗಿ ಅದನ್ನು ಪೆಟ್ಟಿಗೆಯಲ್ಲೇ ಬಿಟ್ಟು, 3ಡಿಎಸ್‌ಗೆಂದೇ ಮಾರುವ ಯುಎಸ್‌ಬಿ ಕೇಬಲ್ ತರಿಸಿಕೊಂಡೆವು. ಚಾರ್ಜ್ ಮಾಡುವ ಮುನ್ನ ಹಿಂಬದಿಯ ಎರಡು ತಿರುಪುಗಳನ್ನು ಸಡಿಲಿಸಿ ಮುಚ್ಚಳ ತೆಗೆದು ಬ್ಯಾಟರಿ ಉಬ್ಬಿಲ್ಲವೆಂದು ಖಚಿತಪಡಿಸಿಕೊಂಡೆವು. ವರ್ಷಗಟ್ಟಲೆ ಬಳಕೆಯಿಲ್ಲದೆ ಬಿದ್ದ ಲಿಥಿಯಂ ಬ್ಯಾಟರಿಯ ವಿಷಯದಲ್ಲಿ ಇದನ್ನು ಬಿಡಬಾರದು.

ಎರಡನೆಯದು ವೈ-ಫೈ, ಮತ್ತು ಹೆಚ್ಚು ಹೊತ್ತು ಹಿಡಿದದ್ದು ಇದೇ. ಯಂತ್ರದ ಇಂಟರ್ನೆಟ್ ಸೆಟ್ಟಿಂಗ್ಸ್ ತೆರೆದರೆ ಮೂರು ಸಂಪರ್ಕಗಳನ್ನು ಉಳಿಸಿಡುವ ಜಾಗ ಕಾಣುತ್ತದೆ. ಮೊದಲನೆಯದನ್ನು ಒತ್ತಿ ಹತ್ತಿರದ ನೆಟ್‌ವರ್ಕ್ ಹುಡುಕಲು ಹೇಳಿದಾಗ ಮನೆಯ ನೆಟ್‌ವರ್ಕ್‌ನ ಹೆಸರು ಬಂತು, ಪಾಸ್‌ವರ್ಡ್ ಕೊಟ್ಟದ್ದೂ ಆಯಿತು, ಆದರೆ ಕನೆಕ್ಷನ್ ಟೆಸ್ಟ್ ಮತ್ತೆ ಮತ್ತೆ ವಿಫಲವಾಯಿತು. ಪಾಸ್‌ವರ್ಡ್ ಸರಿಯಿತ್ತು. ಕಾರಣ ರೌಟರ್‌ನ ಸೆಟ್ಟಿಂಗ್‌ನಲ್ಲಿತ್ತು: ಇತ್ತೀಚೆಗೆ ಬದಲಾಯಿಸಿದ ಹೊಸ ರೌಟರ್ ಡಬ್ಲ್ಯುಪಿಎ 3 ಎಂಬ ಹೊಸ ವೈ-ಫೈ ಭದ್ರತಾ ಪದ್ಧತಿಯನ್ನು ಮಾತ್ರ ಒಪ್ಪುವಂತೆ ಹೊಂದಿಸಲ್ಪಟ್ಟಿತ್ತು. 3ಡಿಎಸ್ ತಯಾರಾದ ಕಾಲಕ್ಕೆ ಆ ಪದ್ಧತಿಯೇ ಇರಲಿಲ್ಲ. ಅದು ಬಲ್ಲದ್ದು ಡಬ್ಲ್ಯುಪಿಎ 2ರವರೆಗೆ ಮಾತ್ರ. ಜೊತೆಗೆ ಅದರ ರೇಡಿಯೊ ಕೆಲಸ ಮಾಡುವುದು 802.11 ಬಿ ಮತ್ತು ಜಿ ಎಂಬ ಹಳೆಯ ವೈ-ಫೈ ಮಟ್ಟದಲ್ಲಿ, 2.4 ಗಿಗಾಹರ್ಟ್ಸ್ ತರಂಗದಲ್ಲಿ. ಮನೆಯಲ್ಲಿ 5 ಗಿಗಾಹರ್ಟ್ಸ್ ನೆಟ್‌ವರ್ಕ್ ಮಾತ್ರ ಇದ್ದಿದ್ದರೆ ಹೆಸರೂ ಕಾಣುತ್ತಿರಲಿಲ್ಲ.

ಇಂಥ ಸಂದರ್ಭದಲ್ಲಿ ಹಲವರು ಕೊಡುವ ಸುಲಭದ ಸಲಹೆಯೆಂದರೆ ಇಡೀ ಮನೆಯ ನೆಟ್‌ವರ್ಕ್‌ನ ಭದ್ರತೆಯನ್ನು ಇಳಿಸಿಬಿಡುವುದು, ಅಥವಾ ಪಾಸ್‌ವರ್ಡನ್ನೇ ತೆಗೆದುಹಾಕುವುದು. ಬ್ಯಾಂಕಿನ ವ್ಯವಹಾರ, ಕಚೇರಿಯ ಕೆಲಸ ಎಲ್ಲವೂ ನಡೆಯುವ ನೆಟ್‌ವರ್ಕನ್ನು ಒಂದು ಗೇಮ್ ಯಂತ್ರಕ್ಕಾಗಿ ದುರ್ಬಲಗೊಳಿಸುವುದು ಸರಿಯಲ್ಲವೆಂಬುದು ನನ್ನ ದೃಢವಾದ ಅಭಿಪ್ರಾಯ. ರೌಟರ್‌ನಲ್ಲಿ ಅತಿಥಿಗಳಿಗೆಂದು ಪ್ರತ್ಯೇಕ ನೆಟ್‌ವರ್ಕ್ ತೆರೆಯುವ ಸೌಲಭ್ಯವಿತ್ತು. ಅದನ್ನು 2.4 ಗಿಗಾಹರ್ಟ್ಸ್‌ನಲ್ಲಿ, ಡಬ್ಲ್ಯುಪಿಎ 2 ಭದ್ರತೆಯೊಂದಿಗೆ, ಬೇರೆಯೇ ಪಾಸ್‌ವರ್ಡ್ ಕೊಟ್ಟು ತೆರೆದೆವು. ಕೆಲಸ ಮುಗಿದ ಮೇಲೆ ಮುಚ್ಚಿದೆವು. 3ಡಿಎಸ್ ಈ ಬಾರಿ ಒಂದೇ ಸಲಕ್ಕೆ ಸಂಪರ್ಕ ಪಡೆಯಿತು. ರೌಟರ್‌ನಲ್ಲಿ ಈ ಸೌಲಭ್ಯ ಇಲ್ಲದವರು ಮೊಬೈಲ್ ಹಾಟ್‌ಸ್ಪಾಟ್ ಬಳಸಬಹುದು: ಆಂಡ್ರಾಯ್ಡ್ ಫೋನ್‌ಗಳಲ್ಲಿ ಹಾಟ್‌ಸ್ಪಾಟ್‌ನ ಬ್ಯಾಂಡನ್ನು 2.4ಕ್ಕೂ ಭದ್ರತೆಯನ್ನು ಡಬ್ಲ್ಯುಪಿಎ 2ಕ್ಕೂ ಬದಲಾಯಿಸಬೇಕು, ಐಫೋನ್‌ನಲ್ಲಿ ಹಳೆಯ ಸಾಧನಗಳೊಂದಿಗೆ ಹೊಂದಾಣಿಕೆಯನ್ನು ಹೆಚ್ಚಿಸುವ ಆಯ್ಕೆಯನ್ನು ಆನ್ ಮಾಡಬೇಕು.

ಮೂರನೆಯದು ಎಸ್‌ಡಿ ಕಾರ್ಡ್. ಯಂತ್ರದೊಂದಿಗೆ ಬಂದಿದ್ದ ಮೂಲ 4 ಜಿಬಿ ಕಾರ್ಡ್ ಕೆಲಸ ಮಾಡುತ್ತಿತ್ತು, ಆದರೆ ಅಷ್ಟು ವರ್ಷ ಹಳೆಯ ಕಾರ್ಡ್‌ನ ಮೇಲೆ ಹೊಸದಾಗಿ ಏನನ್ನೂ ನಂಬಿ ಇಡುವುದು ಬೇಡವೆಂದು 32 ಜಿಬಿಯ ಹೊಸ ಕಾರ್ಡ್ ಕೊಂಡೆವು. 3ಡಿಎಸ್‌ಗೆ ಅಧಿಕೃತವಾಗಿ ಹೊಂದುವ ಮಿತಿ 32 ಜಿಬಿ. ಅದಕ್ಕಿಂತ ದೊಡ್ಡ ಕಾರ್ಡ್‌ಗಳು ಎಕ್ಸ್‌ಫ್ಯಾಟ್ ಎಂಬ ವಿನ್ಯಾಸದಲ್ಲಿ ಬರುತ್ತವೆ, ಅದನ್ನು ಈ ಯಂತ್ರ ಓದಲಾರದು. ಫ್ಯಾಟ್ 32ಕ್ಕೆ ಬದಲಾಯಿಸಿಕೊಂಡರೆ ಓದುತ್ತದಾದರೂ ಅಪ್‌ಡೇಟ್‌ಗಳಿಗಾಗಿ ಅಷ್ಟು ಜಾಗದ ಅಗತ್ಯವೇ ಬೀಳುವುದಿಲ್ಲ. ಯಂತ್ರ ಜಾಗವನ್ನು ಬ್ಲಾಕ್‌ಗಳ ಲೆಕ್ಕದಲ್ಲಿ ತೋರಿಸುತ್ತದೆ. ಒಂದು ಬ್ಲಾಕ್ ಎಂದರೆ 128 ಕೆಬಿ, ಎಂಟು ಬ್ಲಾಕ್ ಸೇರಿದರೆ ಒಂದು ಎಂಬಿ. 4 ಜಿಬಿಯ ಕಾರ್ಡ್‌ನಲ್ಲೇ ಸುಮಾರು 30 ಸಾವಿರ ಬ್ಲಾಕ್‌ಗಳಿರುತ್ತವೆ. ಹೊಸ ಕಾರ್ಡನ್ನು ಅಪ್‌ಡೇಟ್ ಹಾಕುವ ಮೊದಲೇ ಸೇರಿಸಿದರೆ ಆಮೇಲೆ ಸಾಗಿಸುವ ಕೆಲಸ ತಪ್ಪುತ್ತದೆ.

ನಾಲ್ಕನೆಯದು ಸಿಸ್ಟಮ್ ಅಪ್‌ಡೇಟ್. ಯಂತ್ರದ ಸ್ವಂತ ಸಾಫ್ಟ್‌ವೇರ್ ಹಳೆಯದಾಗಿದ್ದರೆ ಇ-ಶಾಪ್ ಅದನ್ನು ಒಳಗೆ ಬಿಡುವುದಿಲ್ಲ. ಹಲವು ವರ್ಷ ಮುಟ್ಟದೆ ಇಟ್ಟಿದ್ದ ಯಂತ್ರ ಹಿಂದುಳಿದಿದ್ದುದು ಸಹಜವೇ. ತಯಾರಿಕೆ ನಿಂತ ಮೇಲೂ, 2023ರಲ್ಲಿ ಕೂಡ, 3ಡಿಎಸ್‌ಗೆ ಸಿಸ್ಟಮ್ ಅಪ್‌ಡೇಟ್ ಬಂದಿತ್ತು. ಬ್ಯಾಟರಿ ತುಂಬಿಸಿ, ಕೇಬಲ್ ಸಿಕ್ಕಿಸಿಯೇ ಇಟ್ಟು, ಸಿಸ್ಟಮ್ ಸೆಟ್ಟಿಂಗ್ಸ್ ಮೂಲಕ ಅದನ್ನು ಮಾಡಿ ಮುಗಿಸಿದೆವು. ಇದರಲ್ಲಿ ಹೇಳಿಕೊಳ್ಳುವಂಥ ತೊಂದರೆ ಏನೂ ಬರಲಿಲ್ಲ.

ಅಪ್‌ಡೇಟ್ ಇಳಿದ ಬಗೆ

ಇಷ್ಟೆಲ್ಲ ಆದ ಮೇಲೆ ಮುಖ್ಯ ಕೆಲಸ ಅತ್ಯಂತ ಸರಳವಾಗಿತ್ತು. ಕಾರ್ಟ್ರಿಡ್ಜ್ ಹಾಕಿ ಹೋಮ್ ಮೆನುವಿನಲ್ಲಿ ಪೋಕೆಮಾನ್ ಎಕ್ಸ್ ಚಿತ್ರವನ್ನು ಒತ್ತಿದಾಗ ಗೇಮ್ ತೆರೆಯುವ ಬದಲು ಈ ಸಾಫ್ಟ್‌ವೇರ್‌ಗೆ ಅಪ್‌ಡೇಟ್ ಲಭ್ಯವಿದೆ ಎಂಬ ಸೂಚನೆ ಕೆಳಗಿನ ಪರದೆಯಲ್ಲಿ ಬಂತು. ಒಪ್ಪಿಗೆ ಕೊಟ್ಟ ಮೇಲೆ ಯಂತ್ರ ತಾನಾಗಿ ಇ-ಶಾಪ್‌ನೊಳಗೆ ಹೋಯಿತು. ಖರೀದಿ ನಿಂತಿದ್ದರೂ ಆ ಮಳಿಗೆ ತೆರೆಯುತ್ತದೆ ಎಂಬುದನ್ನು ಕಣ್ಣಾರೆ ಕಂಡಾಗ ನಿಜಕ್ಕೂ ಸಂತೋಷವಾಯಿತು. ಇದಕ್ಕೆ ಹಣ ಬೇಡ, ನಿಂಟೆಂಡೊ ನೆಟ್‌ವರ್ಕ್ ಖಾತೆಯೂ ಬೇಡ. ಫಾರ್ಮ್ಯಾಟ್ ಆದ ಯಂತ್ರದಲ್ಲಿ ಮಗುವಿನ ಹೆಸರಲ್ಲಿ ಹೊಸ ಖಾತೆ ಸೃಷ್ಟಿಸುವ ಗೋಜಿಗೆ ಹೋಗದೆ ಮುಂದುವರಿಯಲು ಸಾಧ್ಯವಾಯಿತು. ಈಗಲೇ ಇಳಿಸಿಕೊಳ್ಳಬೇಕೆ, ಆಮೇಲೆ ಇಳಿಸಿಕೊಳ್ಳಬೇಕೆ ಎಂಬ ಆಯ್ಕೆಯಲ್ಲಿ ಮೊದಲನೆಯದನ್ನೇ ಆರಿಸುವುದು ಲೇಸು. ಎರಡನೆಯದನ್ನು ಆರಿಸಿದರೆ ಯಂತ್ರವನ್ನು ಮಡಚಿಟ್ಟಾಗ ಡೌನ್‌ಲೋಡ್ ಹಿನ್ನೆಲೆಯಲ್ಲಿ ನಡೆಯುತ್ತದೆ, ಆದರೆ ತಾತ್ಕಾಲಿಕವಾಗಿ ತೆರೆದ ನೆಟ್‌ವರ್ಕ್ ಅಷ್ಟು ಹೊತ್ತು ತೆರೆದೇ ಇರಬೇಕಾಗುತ್ತದೆ.

ಪ್ರದೇಶದ ವಿಷಯ ಒಂದು ಮಾತಿನಲ್ಲಿ ಹೇಳಬೇಕು. 3ಡಿಎಸ್ ಯಂತ್ರಗಳೂ ಕಾರ್ಟ್ರಿಡ್ಜ್‌ಗಳೂ ಪ್ರದೇಶಬದ್ಧ: ಅಮೆರಿಕದ ಯಂತ್ರದಲ್ಲಿ ಜಪಾನಿನ ಕಾರ್ಟ್ರಿಡ್ಜ್ ತೆರೆಯುವುದಿಲ್ಲ. ನಮ್ಮಲ್ಲಿ ಯಂತ್ರವೂ ಕಾರ್ಟ್ರಿಡ್ಜ್‌ಗಳೂ ಒಂದೇ ಮನೆಯಿಂದ ಬಂದಿದ್ದರಿಂದ ಈ ಸಮಸ್ಯೆ ಏಳಲಿಲ್ಲ, ದೇಶದ ಆಯ್ಕೆಯಲ್ಲಿಯೂ ಅಮೆರಿಕವನ್ನೇ ಇಟ್ಟೆವು. ಹಳೆಯ ಕಾರ್ಟ್ರಿಡ್ಜ್‌ಗಳನ್ನು ಬಿಡಿಬಿಡಿಯಾಗಿ ಕೊಳ್ಳುವವರು ಮಾತ್ರ ಹಣ ಕೊಡುವ ಮೊದಲೇ ಇದನ್ನು ನೋಡಿಕೊಳ್ಳಬೇಕು.

ಅಪ್‌ಡೇಟ್ ಸರಿಯಾಗಿ ಕುಳಿತಿದೆಯೇ ಎಂಬುದನ್ನು ಗೇಮ್‌ನ ಶೀರ್ಷಿಕೆ ಪರದೆಯೇ ತಿಳಿಸಿತು. ಮೊದಲು ಖಾಲಿಯಿದ್ದ ಮೂಲೆಯಲ್ಲಿ ಈಗ 1.5 ಎಂಬ ಆವೃತ್ತಿಯ ಸಂಖ್ಯೆ ಬಂದಿತ್ತು. ನಡುವಿನ ಆವೃತ್ತಿಗಳನ್ನು ಒಂದೊಂದಾಗಿ ಹಾಕಬೇಕಾಗಿಲ್ಲ. ಕೊನೆಯದರಲ್ಲಿ ಹಿಂದಿನ ಎಲ್ಲ ತಿದ್ದುಪಡಿಗಳೂ ಅಡಕವಾಗಿರುತ್ತವೆ. ಆಮೇಲೆ ಪರೀಕ್ಷೆಗೆಂದು ಎಸ್‌ಡಿ ಕಾರ್ಡ್ ತೆಗೆದು ಶೀರ್ಷಿಕೆ ಪರದೆಯವರೆಗೆ ಮಾತ್ರ ಹೋಗಿ ನೋಡಿದಾಗ ಆ ಸಂಖ್ಯೆ ಮಾಯವಾಗಿತ್ತು. ಕಾರ್ಡ್ ಹಾಕಿದಾಗ ಮತ್ತೆ ಬಂತು. ತಿದ್ದುಪಡಿ ಕಾರ್ಟ್ರಿಡ್ಜ್‌ನಲ್ಲಿಲ್ಲ ಎಂಬುದನ್ನು ಹುಡುಗಿಗೆ ಇದಕ್ಕಿಂತ ಚೆನ್ನಾಗಿ ವಿವರಿಸಲು ನನಗೆ ಸಾಧ್ಯವಿರಲಿಲ್ಲ. ಅಲ್ಲಿಯವರೆಗೆ ಪ್ರತಿ ಊರಿನಲ್ಲೂ ಪೋಕೆಮಾನ್ ಸೆಂಟರ್‌ನ ಒಳಗೆ ಹೋಗಿ ಮಾತ್ರ ಸೇವ್ ಮಾಡುತ್ತಿದ್ದವಳು ಅಂದಿನಿಂದ ಲ್ಯುಮಿಯೋಸ್‌ನ ಬೀದಿಯಲ್ಲೇ ನಿರಾತಂಕವಾಗಿ ಸೇವ್ ಮಾಡುತ್ತಿದ್ದಾಳೆ.

ಉಳಿದಿರುವ ಅಪಾಯ

ಕೆಲಸ ಮುಗಿದ ಕೂಡಲೇ ಎಸ್‌ಡಿ ಕಾರ್ಡ್‌ನಲ್ಲಿದ್ದ ನಿಂಟೆಂಡೊ 3ಡಿಎಸ್ ಫೋಲ್ಡರನ್ನು ಇದ್ದಂತೆಯೇ ಪೂರ್ತಿಯಾಗಿ ಕಂಪ್ಯೂಟರ್‌ಗೆ ನಕಲು ಮಾಡಿಟ್ಟೆವು. ಈ ನಕಲು ಯಾವುದರಿಂದ ರಕ್ಷಣೆ ಕೊಡುತ್ತದೆ, ಯಾವುದರಿಂದ ಕೊಡುವುದಿಲ್ಲ ಎಂಬುದು ಸ್ಪಷ್ಟವಾಗಿರಬೇಕು. ಕಾರ್ಡ್ ಕೆಟ್ಟರೆ ಹೊಸ ಕಾರ್ಡ್‌ಗೆ ಈ ಫೋಲ್ಡರನ್ನು ಹಾಕಿ, ಇಂಟರ್ನೆಟ್ ಸಂಪರ್ಕವೇ ಇಲ್ಲದೆ ಅಪ್‌ಡೇಟನ್ನು ಮರಳಿ ಪಡೆಯಬಹುದು. ಯಂತ್ರವೇ ಕೆಟ್ಟರೆ ಅಥವಾ ಅದನ್ನು ಮತ್ತೆ ಫಾರ್ಮ್ಯಾಟ್ ಮಾಡಿದರೆ ಈ ನಕಲಿಗೆ ಬೆಲೆಯಿಲ್ಲ. ಬೇರೆ ಯಂತ್ರ ತಂದು, ಮತ್ತೆ ಅದೇ ಸರ್ವರ್‌ನ ಮುಂದೆ ನಿಲ್ಲಬೇಕು. ಆ ದಿನ ಸರ್ವರ್ ಇರುತ್ತದೆಯೇ ಎಂಬುದು ನಮ್ಮ ಕೈಯಲ್ಲಿಲ್ಲ.

ಈ ಆತಂಕ ಆಧಾರವಿಲ್ಲದ್ದಲ್ಲ. ನಿಂಟೆಂಡೊ ಕಂಪನಿಯದೇ ಹಳೆಯ ಮಳಿಗೆಗಳಾದ ಡಿಎಸ್ಐ ಶಾಪ್‌ನಲ್ಲಿ 2017ರಲ್ಲಿ, ವೀ ಶಾಪ್‌ನಲ್ಲಿ 2019ರಲ್ಲಿ ಖರೀದಿ ನಿಂತಿತ್ತು. ಹಿಂದೆ ಕೊಂಡದ್ದನ್ನು ಮತ್ತೆ ಇಳಿಸಿಕೊಳ್ಳಲು ಅವಕಾಶ ಉಳಿದಿತ್ತು. 2022ರ ಮಾರ್ಚ್‌ನಲ್ಲಿ ಆ ಎರಡೂ ಮಳಿಗೆಗಳು ಮುನ್ಸೂಚನೆಯಿಲ್ಲದೆ ಸ್ತಬ್ಧವಾಗಿ ತಿಂಗಳುಗಟ್ಟಲೆ ಹಾಗೇ ಇದ್ದವು. ಜುಲೈ ತಿಂಗಳಲ್ಲಿ ಮತ್ತೆ ತೆರೆದವು ಎಂಬುದು ಸಮಾಧಾನದ ಸಂಗತಿಯಾದರೂ ಹಳೆಯ ಸರ್ವರ್‌ಗಳು ಎಷ್ಟು ಸಣ್ಣ ಎಳೆಯ ಮೇಲೆ ನಿಂತಿವೆ ಎಂಬುದನ್ನು ಆ ನಡುವಿನ ತಿಂಗಳುಗಳು ತೋರಿಸಿದವು.

ಈ ವಿಷಯದಲ್ಲಿ ಬೇರೆ ಪದ್ಧತಿಯೂ ಸಾಧ್ಯವಿತ್ತು. ಸೋನಿಯ ಪಿಎಸ್‌ಪಿ ಯಂತ್ರಕ್ಕೆ ಸಿಸ್ಟಮ್ ಅಪ್‌ಡೇಟನ್ನು ಒಂದು ಕಡತವಾಗಿ ಕಂಪ್ಯೂಟರ್‌ಗೆ ಇಳಿಸಿಕೊಂಡು, ಮೆಮೊರಿ ಸ್ಟಿಕ್‌ನ ನಿರ್ದಿಷ್ಟ ಫೋಲ್ಡರ್‌ನಲ್ಲಿ ಇಟ್ಟು, ಯಂತ್ರದಿಂದಲೇ ಚಾಲನೆ ಮಾಡಬಹುದಿತ್ತು. ಆ ಕಡತವನ್ನು ಇಟ್ಟುಕೊಂಡವನಿಗೆ ಇಂದು ಯಾವ ಸರ್ವರ್‌ನ ಹಂಗೂ ಇಲ್ಲ, ಮತ್ತು ಅದು ಒಂದು ಯಂತ್ರಕ್ಕೆ ಮಾತ್ರ ಕಟ್ಟುಬಿದ್ದದ್ದೂ ಅಲ್ಲ. ಗೇಮ್ ಅಪ್‌ಡೇಟ್‌ಗಳಿಗೂ ಇದೇ ಬಗೆಯ ದಾರಿ ಇರಬೇಕು. ಉಚಿತವಾಗಿ ಕೊಟ್ಟ ದೋಷನಿವಾರಣೆಯನ್ನು ಕಳ್ಳನಕಲಿನ ಭಯದಿಂದ ಕೀಲಿ ಹಾಕಿಡುವುದಕ್ಕೆ ಅರ್ಥವಿಲ್ಲ: ಮೂಲ ಕಾರ್ಟ್ರಿಡ್ಜ್ ಇಲ್ಲದವನಿಗೆ ಆ ಅಪ್‌ಡೇಟ್‌ನಿಂದ ಯಾವ ಪ್ರಯೋಜನವೂ ಇಲ್ಲ, ಇರುವವನಿಗೆ ಅದು ಈಗಾಗಲೇ ಹಣ ಕೊಟ್ಟು ಕೊಂಡ ವಸ್ತುವಿನ ಭಾಗ. ಪೋಕೆಮಾನ್ ಎಕ್ಸ್ ಮತ್ತು ವೈ ಒಟ್ಟಾಗಿ 1.6 ಕೋಟಿಗೂ ಹೆಚ್ಚು ಪ್ರತಿ ಮಾರಾಟವಾಗಿವೆ. ಅವುಗಳಲ್ಲಿ ಎಷ್ಟೋ ಕಾರ್ಟ್ರಿಡ್ಜ್‌ಗಳು ಹೀಗೆಯೇ ಕೈಯಿಂದ ಕೈಗೆ, ಊರಿಂದ ಊರಿಗೆ ಹೋಗುತ್ತಿವೆ, ಮತ್ತು ಪ್ರತಿ ಸಲವೂ ತಿದ್ದುಪಡಿಯನ್ನು ಹಿಂದೆ ಬಿಟ್ಟೇ ಹೋಗುತ್ತವೆ.

ಅನಧಿಕೃತ ಮಾರ್ಗಗಳಿಂದ ಅಪ್‌ಡೇಟ್ ಪಡೆಯುವ ಸಲಹೆಯೂ ಈ ಪ್ರಕರಣದಲ್ಲಿ ಬಂತು. ಅದಕ್ಕೆ ಯಂತ್ರದ ಮೂಲ ಸಾಫ್ಟ್‌ವೇರನ್ನೇ ಮಾರ್ಪಡಿಸಬೇಕು, ನಡುವೆ ತಪ್ಪಿದರೆ ಯಂತ್ರ ಪೂರ್ತಿ ನಿರುಪಯುಕ್ತವಾಗಬಹುದು. ಅಧಿಕೃತ ಬಾಗಿಲು ತೆರೆದಿರುವಾಗ ಮಗುವೊಂದರ ಯಂತ್ರದ ಮೇಲೆ ಆ ಪ್ರಯೋಗ ಬೇಡವೆಂದು ನಿರ್ಧರಿಸಿದೆವು.

ಪೆಟ್ಟಿಗೆಯಲ್ಲಿದ್ದ ಉಳಿದ ಕಾರ್ಟ್ರಿಡ್ಜ್‌ಗಳನ್ನೂ ಅದೇ ದಿನ, ಅತಿಥಿ ನೆಟ್‌ವರ್ಕ್ ಮುಚ್ಚುವ ಮೊದಲೇ, ಹುಡುಗಿ ಅವುಗಳನ್ನು ಆಡುತ್ತಾಳೋ ಇಲ್ಲವೋ ಎಂದು ನೋಡದೆ ಒಂದೊಂದಾಗಿ ಹಾಕಿ ಅಪ್‌ಡೇಟ್ ಮಾಡಿದೆವು. ಅವುಗಳಲ್ಲಿ ಆನಿಮಲ್ ಕ್ರಾಸಿಂಗ್ ನ್ಯೂ ಲೀಫ್ ಕೂಡ ಇತ್ತು. ಆ ಗೇಮ್‌ಗೆ 2016ರ ನವೆಂಬರ್‌ನಲ್ಲಿ ಬಂದ ದೊಡ್ಡ ಉಚಿತ ಅಪ್‌ಡೇಟ್ ಕೇವಲ ದೋಷ ತಿದ್ದುವಂಥದ್ದಾಗಿರದೆ ಊರಿಗೆ ಹೊಸ ಕ್ಯಾಂಪಿನ ಜಾಗವನ್ನೂ ಹೊಸ ಅತಿಥಿಗಳನ್ನೂ ತಂದಿತ್ತು. ಅದನ್ನು ಹಾಕದವರ ಕಾರ್ಟ್ರಿಡ್ಜ್‌ನಲ್ಲಿ ಅವು ಯಾವುವೂ ಇರುವುದಿಲ್ಲ. ಮನೆಯಲ್ಲಿ 3ಡಿಎಸ್ ಇರುವವರು ಇದನ್ನು ಓದುತ್ತಿದ್ದರೆ ಅದೇ ಕ್ರಮದಲ್ಲಿ ಮಾಡಬಹುದು: ಚಾರ್ಜರ್‌ನ ವೋಲ್ಟೇಜ್ ಓದಿ, ಹೊಸ ಎಸ್‌ಡಿ ಕಾರ್ಡ್ ಹಾಕಿ, ಡಬ್ಲ್ಯುಪಿಎ 2 ನೆಟ್‌ವರ್ಕ್ ಜೋಡಿಸಿ, ಸಿಸ್ಟಮ್ ಅಪ್‌ಡೇಟ್ ಮುಗಿಸಿ, ಇರುವ ಎಲ್ಲ ಕಾರ್ಟ್ರಿಡ್ಜ್‌ಗಳ ಅಪ್‌ಡೇಟ್ ಇಳಿಸಿ, ಕಾರ್ಡ್‌ನ ಫೋಲ್ಡರನ್ನು ನಕಲು ಮಾಡಿಟ್ಟು, ಆ ನಂತರ ಯಂತ್ರವನ್ನು ಫಾರ್ಮ್ಯಾಟ್ ಮಾಡದೆ ಇರುವುದು.